ಕಲ್ಲುಲಿ ಅಪ್ಡೇಟ್ 6: ಹಿತ್ತಲ ಬಂಡೆಗೆ ತೂತು ಹಾಕಿದ ಮ್ಯಾಲೆ

ಮೂರು ತಿಂಗ್ಳಾತು ಏನೂ ಬರದಿಲ್ಲ, ಮೊದ್ಲು ಭತ್ತದ ಕೊಯ್ಲು, ಆಮೇಲೆ ಈ ಬ್ಯಾಸಗಿ, ಆದ್ರ ಈ ಸಲ ಖರೇನ ಪ್ರೋಗ್ರೆಸ್ ಆಗೈತಿ. ಹೊಸಬ್ರಿಗೆ ಒಂದ್ ಮಾತು ಹೇಳಿಬಿಡ್ತೀನಿ: ನಾ ನನ್ನ ಕತಿಗೆ ಕಟ್ಟಾಕತ್ತಿರೋ ಲೋಕದ ಹೆಸರು ಬೆಣಚುನಾಡು, ಅಲ್ಲಿ ಗ್ರಾನೈಟ್ ಕಲ್ಲು ಸಪ್ಪಳ ನುಂಗಿ ಇಟ್ಕೊಂಡು ಆಮೇಲೆ ಬಿಡತೈತಿ, ಅದಕ್ಕ ಅಲ್ಲಿ ಮಂದಿ ಕಲ್ಲುಲಿ ಅಂತಾರ. ಹಂಪಿ ಸಪ್ತಸ್ವರ ಕಂಬ ನೋಡಿ ಹೊಳೀತೇನು ಅಂತ ಎಲ್ಲಾರೂ ಕೇಳ್ತಾರ, ಅಲ್ರಪ್ಪ. ಆ ಕಂಬ ಬಡದ್ರ ಆಗಿಂದಾಗ ನುಡಿತಾವ, ನಮ್ಮ ಹಿರೇಬೆಣಕಲ್ ಗುಡ್ಡದ ಮ್ಯಾಲಿನ ಕಲ್ಲಿನ ನಗಾರಿನೂ ಹಂಗ. ನಂದು ತಡ ಮಾಡಿ ಮಾತಾಡೋ ಕಲ್ಲು.

ಇಷ್ಟ್ ದಿನ ಸಿಕ್ಕೊಂಡಿದ್ದು ಎಲ್ಲಿ ಅಂದ್ರ, ಮೊದಲಿನ ರೂಲ್ ಪ್ರಕಾರ ಕಲ್ಲು ಕೇಳಿದ್ದನ್ನೆಲ್ಲ ಕಾಯಂ ಇಟ್ಕೋತಿತ್ತು. ಕತಿ ಬರಿಯಾಕ ಕುಂತ್ರ ಎರಡನೇ ಪುಟಕ್ಕ ಕಳ್ಳ ಸಿಕ್ಕಬಿಡ್ತಿದ್ದ. ಮೇ ತಿಂಗ್ಳದಾಗ ಒಂದ್ ರಾತ್ರಿ ಕರೆಂಟ್ ಹೋತು, ಹಿತ್ತಲ ಬಂಡೆ ಮ್ಯಾಲೆ ಹೋಗಿ ಕುಂತೆ (ಆನೆಗುಂದಿ ಕಡೆ ನಾವು ಹಿತ್ತಲದಾಗ ಬಂಡೆ ಇಟ್ಕೊಂಡಿಲ್ಲ, ಬಂಡೆ ನಡುವ ಹಿತ್ತಲ ಮಾಡ್ಕೊಂಡೀವಿ), ಹತ್ತು ಗಂಟಿ ಆದ್ರೂ ಕುಂಡಿ ಸುಡಾಕತ್ತಿತ್ತು. ಗಾಳಿ ತಣ್ಣಗಾಗೈತಿ, ಕಲ್ಲು ಇನ್ನೂ ಮಧ್ಯಾಹ್ನದಾಗ ಐತಿ. ಆಗ ಹೊಳೀತು, ಸಪ್ಪಳ ಬಿಸಿ ಜೊತಿ ಒಳಗ ಹೋಗ್ಲಿ, ತಂಪಾದಾಗ ಹೊರಗ ಬರ್ಲಿ.

ನಮ್ಮ ದೋಸ್ತ ಒಬ್ಬ ಪಿಯು ಕಾಲೇಜಿನ್ಯಾಗ ಫಿಸಿಕ್ಸ್ ಹೇಳ್ತಾನ, ಅವಂಗ ಫೋನ್ ಮಾಡಿದ್ರ "ಲೇ, ಎನರ್ಜಿ ಎಲ್ಲಿಂದ ತರ್ತಿ?" ಅಂದ. ಖರೇನ ಐತಿ, ನಾವು ಮಾತಾಡೋ ದನಿ ಪವರ್ ಒಂದ್ ವ್ಯಾಟಿನ ಲಕ್ಷದಾಗ ಒಂದ್ ಪಾಲು ಅಷ್ಟ, ಹತ್ತು ತಾಸು ಬಾಯಿ ಮುಚ್ಚದ ಮಾತಾಡಿದ್ರೂ ಒಂದ್ ಗ್ರಾಂ ನೀರು 0.1 ಡಿಗ್ರಿನೂ ಬಿಸಿ ಆಗಂಗಿಲ್ಲ. ಅದಕ್ಕ ಎನರ್ಜಿ ಕಲ್ಲಿನ ಬಿಸಿಯಿಂದನ ತಗೊಂಡೀನಿ, ದನಿ ಬರೇ ಗುರುತು ಬಿಟ್ಟು ಹೋಗತೈತಿ, ಅದನ್ನ ಓದಿ ಹೇಳೋ ಖರ್ಚು ಕಲ್ಲಿಂದು. ಅಂದ್ರ ಭಾಳ ಮಾತು ಕೇಳಿದ ಬಂಡೆ ಜಲ್ದಿ ತಣ್ಣಗಾಗತೈತಿ. ಇದು ನಂಗ ಭಾಳ ಹಿಡಿಸ್ತು, ಬೆಣಚುನಾಡಿನ್ಯಾಗ ಮಂದಿ ಕೈ ಇಟ್ಟು ನೋಡಿ "ಇಲ್ಲಿ ಯಾರೋ ಮಾತಾಡ್ಯಾರ" ಅಂತಾರ.

ದೋಸ್ತನ ಲೆಕ್ಕಾನೂ ಕೊಟ್ಟ. ಬಿಸಿ ಕಲ್ಲಿನೊಳಗ ತೆರಿ ಆಗಿ ಹೋಗತೈತಿ, ಫ್ರಾನ್ಸಿನ ಗಣಿತಜ್ಞ ಫೂರಿಯೆ 200 ವರ್ಷದ ಹಿಂದನ ಈ ಗಣಿತ ಮಾಡಿಟ್ಟಾನ. ಹಗಲು-ರಾತ್ರಿ ತೆರಿ ಗ್ರಾನೈಟಿನ್ಯಾಗ ಸುಮಾರು 18 ಸೆಂಟಿಮೀಟರ್ ಹೋಗೋದ್ರಾಗ ಮೂರನೇ ಒಂದ್ ಪಾಲಿನಷ್ಟ ಉಳಿತೈತಿ, ಹತ್ರ ಹತ್ರ ನಾಲ್ಕು ತಾಸು ತಡಾನೂ ಆಗತೈತಿ. ವರ್ಷದ ತೆರಿ ಮೂರೂವರೆ ಮೀಟರ್ ಮಟ ಹೋಗತೈತಿ, ಅಲ್ಲಿ ತಡ ಎರಡು ತಿಂಗ್ಳು. ಅಂದ್ರ ದಿನದ ಮಾತು ಒಂದ್ ಗೇಣಿನೊಳಗ, ವರ್ಷದ ಮಾತು ಎರಡಾಳು ಆಳದಾಗ!

ನಂಬಿಕಿ ಬರ್ಲಿಲ್ಲ, ತೂತು ಹಾಕೇ ನೋಡೋಣ ಅಂತ ಎಲೆಕ್ಟ್ರಿಷಿಯನ್ ಕಾಕಾನ ಡ್ರಿಲ್ ತಂದೆ. ಎರಡು ಬಿಟ್ ಮುರದ್ವು. ಯವ್ವ ಬಂದು "ಯಪ್ಪಾ, ಬಂಡೆಗೆ ಏನ್ ಇಂಜೆಕ್ಷನ್ ಮಾಡಾಕತ್ತಿ?" ಅಂದ್ಳು. ಕಡೀಕ ಒಂದ್ ಗೇಣು ತೂತಿಗೆ ಮಲ್ಟಿಮೀಟರಿನ ಬಿಸಿ ಅಳಿಯೋ ತರ್ಮೋಕಪಲ್ ವೈರ್ ಇಳಿಸಿದೆ, ಮೊದಲ ದಿನ ತೂತಿನ ಬಾಯಿ ಮುಚ್ಚೋದು ಮರತು ಬರೇ ಗಾಳಿ ಅಳದೆ, ಎರಡನೇ ದಿನ ಅರಿವಿ ತುರುಕಿ ಅಳದ್ರ, ಬಂಡೆ ಮ್ಯಾಲೆ ಮೂರು ಗಂಟಿಗೆ ಪೂರ್ತಿ ಸುಡಾಕತ್ತಿತ್ತು, ಒಳಗ ಏಳರ ಮ್ಯಾಲೆ ಪೂರ್ತಿ ಬಿಸಿ ಆತು. ಕುಣದಾಡಿಬಿಟ್ಟೆ. ಮೂರನೇ ದಿನ ಮೀಟರ್ ಅಲ್ಲಾಡ್ಲೇ ಇಲ್ಲ, ವೈರ್ ಹೋತಂತ ತಿಳ್ಕೊಂಡು ಹೋಗಿ ನೋಡಿದ್ರ ಯವ್ವ ಬಂಡೆ ತುಂಬ ಹಳೇ ಸೀರಿ ನಾಕ್ ಮಡಚಿ ಹಾಸಿ ಸಂಡಿಗಿ ಇಟ್ಟಾಳ.

ಆ ಸಂಡಿಗಿಯಿಂದನ ಅರ್ಧ ಬೆಣಚುನಾಡು ಹುಟ್ಟೈತಿ ನೋಡ್ರಿ. ಕಲ್ಲಿಗೆ ಬಿಸಲು ತಾಗ್ಲಿಲ್ಲ ಅಂದ್ರ ಅದು ಕೇಳಂಗಿಲ್ಲ! ಅದಕ್ಕ ಅಲ್ಲಿ ಸಾಲ ಕೊಡೋ ಸಾವಕಾರ ಮಾತಾಡೋದಕ್ಕ ಮೊದ್ಲು ಕಟ್ಟಿ ಮ್ಯಾಲೆ ದಪ್ಪ ಕೌದಿ ಹಾಸ್ತಾನ, ಯಾರ ಮನ್ಯಾಗ ಕೌದಿ ಜಾಸ್ತಿ ಅವ್ರ ಮ್ಯಾಲೆ ಊರಿಗೆ ಅನುಮಾನ ಜಾಸ್ತಿ. ಶ್ರೀಮಂತ್ರು ಮಣ್ಣಿನ ಮಾಳಿಗಿ ಮನ್ಯಾಗ ಇರ್ತಾರ, ಕಲ್ಲಿನ ಮನಿ ಬಡವ್ರಿಗೆ. ಸೊಸಿ ಹಗಲು ಏನಂದ್ಳು ಅಂತ ಅತ್ತಿಗೆ ಗೋಡಿ ರಾತ್ರಿ ಹೇಳತೈತಿ. ಆದ್ರ ಕಲ್ಲು ಮ್ಯಾಲಿಂದ ತಣ್ಣಗಾಗತೈತಲ್ಲ, ಕಡೀಕ ಹೋದ ಮಾತು ಮೊದ್ಲು ಹೊರಗ ಬರತೈತಿ. ಉತ್ತರ ಮೊದ್ಲು, ಪ್ರಶ್ನಿ ಆಮೇಲೆ. ಅತ್ತಿಗೆ ಬೈಗಳ ಕೇಳಿಸಿರತೈತಿ, ತಾನೇ ಏನಂದು ಬೈಸ್ಕೊಂಡ್ಳು ಅನ್ನೋದು ಬರೋದ್ರಾಗ ಜಗಳ ಶುರು ಆಗಿರತೈತಿ. ಪಂಚಾಯ್ತಿ ಅದಕ್ಕ ಬೆಳಗು ಹರಿಯೋ ಮಟ ತೀರ್ಪು ಕೊಡಂಗಿಲ್ಲ.

ಮಳಿ ಬಂದ್ರ ಇನ್ನೂ ಮಜಾ. ಕಾದ ಕಲ್ಲಿಗೆ ಒಮ್ಮಿಗೇ ನೀರು ಬಿದ್ರ ಮ್ಯಾಲಿನ ಗೇಣಿನ ಮಾತೆಲ್ಲ ಒಂದ ಸಲ ಹೊರಗ. ನಮ್ಮಲ್ಲಿ ರೋಹಿಣಿ ಮಳಿ ಬಂದ್ರ ಓಣಿಯೆಲ್ಲ ಜ್ವಾಳ ಅಂತೀವಿ, ಅಲ್ಲಿ ರೋಹಿಣಿ ಮಳಿ ಬಂದ್ರ ಓಣಿಯೆಲ್ಲ ಜಗಳ.

ಮುಖ್ಯ ಕತಿ ದೊಡ್ಡ ಬಂಡೆ ಮ್ಯಾಲೆ ನಿಂತೈತಿ. ಬ್ಯಾಸಗ್ಯಾಗ ಒಬ್ಬಾಕಿ ಹೊಲ ಅಡವಿಟ್ಟಾಗ ಸಾವಕಾರ "ಸುಗ್ಗಿಗೆ ರೊಕ್ಕ ಕೊಟ್ರ ಹೊಲ ನಿಂದ" ಅಂದಿರ್ತಾನ, ಅವತ್ತು ಕೌದಿ ಮರತಿರ್ತಾನ. ದಿನದ ಪಾಲು ಅವತ್ತ ರಾತ್ರಿ ಹೋತು, ಕೇಳಾಕ ಯಾರೂ ಇರ್ಲಿಲ್ಲ. ಆಳಕ್ಕ ಇಳಿದ ಪಾಲು ಚಳಿಗಾಲಕ್ಕ ಬರಬೇಕು, ಅದೂ ಕಿವಿ ಹಚ್ಚಿದ್ರಷ್ಟ ಕೇಳೋವಷ್ಟು ಸಣ್ಣಗ. ಸಾವಕಾರ ದೀಪಾವಳಿ ಆದ ಮ್ಯಾಲೆ ದಿನಾ ರಾತ್ರಿ ಬಂಡೆ ಸುತ್ತ ಹುಲ್ಲಿಗೆ ಬೆಂಕಿ ಹಚ್ಚಿಸ್ತಾನ, ತಣ್ಣಗಾಗಬಾರ್ದಂತ. ಮೊದಲ ಮೂರು ಅಧ್ಯಾಯ ಆಗ್ಯಾವ, ಬೆಂಕಿ ಸೀನ್ ಮಾತ್ರ ಎರಡು ಸಲ ಹರದ್ ಹಾಕೀನಿ, ಸಾವಕಾರ ಸಿನಿಮಾ ವಿಲನ್ ಆಗಾಕತ್ತಾನ.

ಬಾಕಿ ಉಳಿದಿದ್ದು ಹೊಳಿ. ತುಂಗಭದ್ರಾದೊಳಗ ಮುಳುಗಿದ ಕಲ್ಲು ಹಗಲೂ ರಾತ್ರಿ ಹೆಚ್ಚು ಕಡಿಮಿ ಒಂದ ನಮೂನಿ ಇರತೈತಿ, ಅಂದ್ರ ಅದು ಕಿವುಡು. ಹಂಗಾದ್ರ ಗುಟ್ಟಿನ ಮಾತೆಲ್ಲ ಹರಗೋಲಿನ್ಯಾಗ ನಡೀಬೇಕು, ಹರಗೋಲು ಹಾಕೋವ್ನಿಗೆ ಊರಿನ ಎಲ್ಲಾ ಗುಟ್ಟೂ ಗೊತ್ತಿರಬೇಕು, ಇವನ್ನ ಕತಿಯೊಳಗ ಎಲ್ಲಿ ತರ್ಲಿ ಅಂತ ತಿಳಿವಲ್ದು. ಕಾಕಾ ಡ್ರಿಲ್ ಕೇಳಾಕ ಎರಡು ಸಲ ಬಂದು ಹೋಗ್ಯಾನ, ಮುರದ ಬಿಟ್ ಸುದ್ದಿ ಇನ್ನೂ ಹೇಳಿಲ್ಲ.