ಬಸ್ಸಿಗೆ ಕಾಯುತ್ತಿದ್ದ ಅಜ್ಜಿ

ಚಿತ್ರಗಳು ಜನಾಭಿಪ್ರಾಯವನ್ನು ಹೇಗೆ ತಿರುಗಿಸುತ್ತವೆ ಎಂಬುದರ ಬಗ್ಗೆ ಸಾಕ್ಷ್ಯಚಿತ್ರ ಮಾಡುವುದು, ಕರೆದ ಕಡೆ ಉಪನ್ಯಾಸ ಕೊಡುವುದು ಬಾಗಲಕೋಟೆಯ ನವನಗರದಲ್ಲಿ ಕುಳಿತು ನಾನು ಮಾಡುವ ಕೆಲಸ. ವಿಜಯಪುರದ ವಿದ್ಯಾರ್ಥಿಗಳಿಗೆ ಚಲನಚಿತ್ರ ನಿರ್ದೇಶಕ ಕುಲೆಶೋವ್‌ನ ಪ್ರಯೋಗವನ್ನು ಎಷ್ಟು ಬಾರಿ ಹೇಳಿದ್ದೇನೋ ಲೆಕ್ಕವಿಲ್ಲ. ನಟನೊಬ್ಬನ ಭಾವವಿಲ್ಲದ ಒಂದೇ ಮುಖ, ಅದರ ಪಕ್ಕ ಒಮ್ಮೆ ಸೂಪಿನ ಬಟ್ಟಲು, ಒಮ್ಮೆ ಶವಪೆಟ್ಟಿಗೆ. ನೋಡಿದವರು ಹಸಿವನ್ನೂ ದುಃಖವನ್ನೂ ಆ ಮುಖದಲ್ಲೇ ಕಂಡರಂತೆ. ಸುಮಾರು ನೂರು ವರ್ಷ ಹಿಂದಿನ ರಷ್ಯಾದ ಮಾತು. ವಿದ್ಯಾರ್ಥಿಗಳು ನಗುತ್ತಿದ್ದರು, ನಾನೂ ನಗುತ್ತಿದ್ದೆ.

2019ರ ಆಗಸ್ಟ್‌ನಲ್ಲಿ ಮಲಪ್ರಭೆ ಉಕ್ಕಿ ಪಟ್ಟದಕಲ್ಲಿನ ಗುಡಿಗಳಿಗೆ ನೀರು ನುಗ್ಗಿತು. ಡ್ರೋನ್ ಚಿತ್ರಗಳು ಎಲ್ಲೆಡೆ ಓಡಾಡಿದವು. (ಮೇಲಿನಿಂದ ನೋಡಿದರೆ ಪ್ರವಾಹವೂ ಚೆಂದ ಕಾಣುತ್ತದೆ, ಡ್ರೋನಿನ ದೋಷವೇ ಅದು.) ಗುಡಿ ಸುದ್ದಿಯಾಯಿತು, ಸುತ್ತಲಿನ ಹಳ್ಳಿಗಳ ಮಣ್ಣಿನ ಮನೆಗಳು ಆಗಲಿಲ್ಲ ಎಂಬುದು ನನ್ನ ಚಿತ್ರದ ವಾದ. ವಾದಕ್ಕೊಂದು ಮುಖ ಬೇಕಿತ್ತು. ಬಾದಾಮಿ ತಾಲ್ಲೂಕಿನ ಹಳ್ಳಿಯೊಂದರ ಫೂಟೇಜ್‌ನಲ್ಲಿ ಅಜ್ಜಿಯೊಬ್ಬರು ಸಿಕ್ಕರು. ಹಣೆಗೆ ಕೈ ಅಡ್ಡ ಹಿಡಿದು, ಕಣ್ಣು ಕಿರಿದು ಮಾಡಿ ದೂರ ನೋಡುತ್ತಿದ್ದರು. ಕುಸಿದ ಗೋಡೆಯ ಶಾಟಿನ ಬೆನ್ನಿಗೆ ಅವರ ಮುಖವನ್ನು ಜೋಡಿಸಿದೆ. ಪ್ರದರ್ಶನದ ದಿನ ಮುಂದಿನ ಸಾಲಿನವರು ಕಣ್ಣೊರೆಸಿಕೊಂಡರು.

ತಿಂಗಳಾದ ಮೇಲೆ ಅಜ್ಜಿಯ ಮಗನ ಫೋನ್ ಬಂತು. ಅವರ ಮನೆ ಬಿದ್ದೇ ಇರಲಿಲ್ಲ. ಪೂರ್ಣ ಕುಸಿದ ಮನೆಗೆ ಸರ್ಕಾರ 5 ಲಕ್ಷ ರೂಪಾಯಿ ಘೋಷಿಸಿತ್ತು. ಚಿತ್ರದ ತುಣುಕು ವಾಟ್ಸ್‌ಆ್ಯಪ್‌ನಲ್ಲಿ ಊರು ತಲುಪಿದ್ದೇ ತಡ, ಇವರು ಪರಿಹಾರ ಯಾವಾಗ ಎತ್ತಿದರು ಎಂದು ಕಟ್ಟೆಯ ಮೇಲೆ ಮಾತು ಶುರುವಾಗಿತ್ತು. “ನಮ್ಮ ಮನೆ ಬಿದ್ದಿಲ್ಲ ಎಂದು ಪಂಚಾಯಿತಿಯಿಂದ ಬರೆಸಿಕೊಂಡು ತಿರುಗಬೇಕೇ ಸರ್?” ಎಂದರು.

ಮೂಲ ಫೂಟೇಜ್ ತೆರೆದೆ. ಅಜ್ಜಿ ಕೆರೂರಿನ ಬಸ್ಸಿಗೆ ಕಾಯುತ್ತಿದ್ದರು. ನಾನು ಕತ್ತರಿಸಿದ ಜಾಗದಿಂದ ನಾಲ್ಕು ಸೆಕೆಂಡಿಗೆ ಬಸ್ಸು ಬರುತ್ತದೆ, ಅವರು ಚೀಲ ಎತ್ತಿಕೊಂಡು ನಗುತ್ತಾ ಓಡುತ್ತಾರೆ. ಎಡಿಟಿಂಗ್ ಮಾಡುವಾಗ ಅದನ್ನು ನೋಡಿದ್ದೆ. ಮರೆತಿದ್ದೆ ಎಂದರೆ ಸುಳ್ಳಾಗುತ್ತದೆ.

ಶಾಟ್ ತೆಗೆದೆ. ವಾಟ್ಸ್‌ಆ್ಯಪ್‌ನಲ್ಲಿ ಹೋದದ್ದು ಹೋಯಿತು. ಈಗ ಪ್ರತಿ ಮುಖಕ್ಕೂ ದಿನ, ಊರು, ಆಗ ಅವರು ಮಾಡುತ್ತಿದ್ದ ಕೆಲಸ ಎಂದು ಮೂರು ಕಾಲಂ ಬರೆದಿಡುತ್ತೇನೆ. ಮೂರನೆಯದು ಖಾಲಿ ಇದ್ದರೆ ಆ ಮುಖವನ್ನು ಬಳಸುವುದಿಲ್ಲ.

ಕ್ಷಮೆ ಕೇಳಲು ಹೋದಾಗ ಅಜ್ಜಿ ರೊಟ್ಟಿ ಬಡಿಯುತ್ತಿದ್ದರು. ಮೊಮ್ಮಗನ ಮೊಬೈಲಿನಲ್ಲಿ ಚಿತ್ರ ನೋಡಿದ್ದರಂತೆ. “ಎಲ್ಲ ಸರಿ ತಮ್ಮಾ, ಬಸ್ಸು ಬಂದದ್ದನ್ನು ಯಾಕೆ ತೋರಿಸಲಿಲ್ಲ?” ಎಂದು ಕೇಳಿದರು.