ಹನ್ನೊಂದು ಗಂಟೆಗೆ ಅಳೆದ ನೀರು

ಮೊನ್ನೆ ಮ್ಯಾನೇಜರ್ ಒಬ್ಬರು ಫೋನ್ ಮಾಡಿದ್ದರು. "ಕಾಮಿಡಿ ಬಿಟ್ ಅಷ್ಟೇ ಅಣ್ಣಾ, ಹೊಳೆಗೆ ಬೀಳೋದು. ಅರ್ಧ ದಿನದ ಕೆಲಸ. ಇದಕ್ಕೆಲ್ಲ ಫೈಟ್ ಮಾಸ್ಟರ್ ಯಾಕೆ, ಬೋಟ್ ಯಾಕೆ?" ಅಂದರು. ಕೇಳುತ್ತಿದ್ದಂತೆ ನನ್ನ ಎಡಗಾಲಿನ ಹಿಮ್ಮಡಿ ಜುಮ್ಮೆಂದಿತು. ನಾಲ್ಕು ವರ್ಷದ ಹಿಂದೆ ಅಘನಾಶಿನಿ ಅಳಿವೆಯಲ್ಲಿ ಇದೇ ಮಾತು ಕೇಳಿ ನಾನು ಸರಿ ಅಂದಿದ್ದೆ. ಅದನ್ನು ಬರೆದುಬಿಡುತ್ತೇನೆ. ಈಗ ಫೀಲ್ಡಿಗೆ ಬರುತ್ತಿರುವ ಹುಡುಗರು ಓದಲಿ.

ನಾನು ಅಂಕೋಲೆ ಕಡೆಯವನು. ಹನ್ನೆರಡು ವರ್ಷ ಫೈಟರ್ ಆಗಿ, ಡೂಪ್ ಆಗಿ ಬಿದ್ದೆ. ಆಮೇಲೆ ಒಂದು ಸಿನಿಮಾದಲ್ಲಿ ವಿಲನ್ ಪಕ್ಕದ ದಡ್ಡ ಚೇಲಾನ ಪಾತ್ರ ಸಿಕ್ಕಿತು. ಆರು ಡೈಲಾಗು, ಎರಡು ಸಲ ಬೀಳುವುದು. ಜನ ನಕ್ಕರು. ಅಲ್ಲಿಂದ ಅಂಥವೇ ಪಾತ್ರ ಬರತೊಡಗಿದವು. ಸ್ಟಂಟ್‌ಮನ್ ಆಗಿ ಬಂದು ವಿಲನ್ ಆಗಿ, ಹೀರೋನೂ ಆದ ಟೈಗರ್ ಪ್ರಭಾಕರ್ ಅವರ ಹೆಸರು ಹೇಳಿಕೊಂಡೇ ನಮ್ಮ ಹುಡುಗರು ಮೈ ಬೆಳೆಸುವುದು. ನನಗೆ ಬೇಕಾಗಿದ್ದದ್ದು ಬೇರೆ. ಬಡಗುತಿಟ್ಟಿನ ಯಕ್ಷಗಾನದ ಆಟ ನೋಡುತ್ತ ಬೆಳೆದವನು ನಾನು. ನಡುರಾತ್ರಿ ಹಾಸ್ಯಗಾರ ರಂಗಕ್ಕೆ ಬಂದರೆ ಕಂಬಳಿ ಹೊದ್ದು ತೂಕಡಿಸುತ್ತಿದ್ದವರೆಲ್ಲ ಎದ್ದು ಕೂರುತ್ತಿದ್ದರು. ಅವನ ಆ ಕೆಲಸದ ಮೇಲೆ ನನಗೆ ಚಿಕ್ಕಂದಿನಿಂದ ಕಣ್ಣಿತ್ತು.

ಕಾಮಿಡಿಯಲ್ಲಿ ಬೀಳುವುದು ಸುಲಭ ಅನ್ನುವವರು ಬಿದ್ದು ನೋಡಿದವರಲ್ಲ. ಫೈಟಿನಲ್ಲಿ ಹಾರುವುದು ಒಂದು ಶಾಟ್, ಗಾಳಿಯಲ್ಲಿರುವುದು ಒಂದು, ನೆಲಕ್ಕೆ ಬರುವುದು ಇನ್ನೊಂದು. ಫ್ರೇಮಿನ ಹೊರಗೆ ಬೆಡ್ ಇರುತ್ತದೆ, ಬಾಕ್ಸ್ ಇರುತ್ತದೆ, ರೋಪ್ ಹಿಡಿಯಲು ನಾಲ್ಕು ಜನ ಇರುತ್ತಾರೆ. ಕಾಮಿಡಿಯಲ್ಲಿ ನಡುವೆ ಕಟ್ ಮಾಡಿದರೆ ನಗು ಅಲ್ಲೇ ಸತ್ತಿತು. ವೈಡ್ ಇಟ್ಟು, ಶುರುವಿನಿಂದ ಕೊನೆಯವರೆಗೆ ಒಂದೇ ಶಾಟ್. ಬೆಡ್ ಹಾಕಲು ಜಾಗವೆಲ್ಲಿ? ಅದರ ಮೇಲೆ, ಪಾತ್ರಕ್ಕೆ ತಾನು ಬೀಳುತ್ತೇನೆಂದು ಗೊತ್ತಿರಬಾರದು. ಕೆಳಗೆ ನೋಡುವಂತಿಲ್ಲ, ಗದ್ದ ಎದೆಗೊತ್ತುವಂತಿಲ್ಲ, ಉಸಿರು ತುಂಬಿಕೊಂಡದ್ದು ಕಾಣಬಾರದು. ಡೂಪ್ ಆದವನು ಮುಖ ಮರೆಸಿ ಬೀಳುತ್ತಾನೆ, ನಾವು ಮುಖ ತೋರಿಸುತ್ತಲೇ ಬೀಳಬೇಕು.

1928ರ ಸಿನಿಮಾ ಒಂದರಲ್ಲಿ ಹಾಲಿವುಡ್ಡಿನ ಮೂಕಿ ಚಿತ್ರಗಳ ಹಾಸ್ಯನಟ ಬಸ್ಟರ್ ಕೀಟನ್ ಎರಡು ಟನ್ ತೂಕದ ಮನೆಗೋಡೆಯನ್ನು ತನ್ನ ಮೇಲೇ ಬೀಳಿಸಿಕೊಂಡ. ತೆರೆದ ಕಿಟಕಿ ಸರಿಯಾಗಿ ಅವನ ಮೈ ದಾಟಿ ಇಳಿಯುವಂತೆ ಅಂಗುಲಗಳಲ್ಲಿ ಅಳೆದಿದ್ದರು. ಅವನು ನಿಂತಲ್ಲಿಂದ ಅಲುಗಲಿಲ್ಲ, ಉಳಿದ. ಅದಕ್ಕೂ ಮುಂಚೆ, 1924ರ ಸಿನಿಮಾ ಮಾಡುವಾಗ, ರೈಲ್ವೆ ಟ್ಯಾಂಕಿನಿಂದ ಸುರಿದ ನೀರು ಅವನನ್ನು ಹಳಿಯ ಮೇಲೆ ಕೆಡವಿತ್ತು. ನೀರಿನ ಜೋರಿನ ಅಂದಾಜು ತಪ್ಪಿತ್ತು. ಕತ್ತಿನ ಮೂಳೆ ಮುರಿದಿತ್ತೆಂದು ತಿಳಿದದ್ದು ಎಷ್ಟೋ ವರ್ಷಗಳ ನಂತರ, ಎಕ್ಸ್‌ರೇ ತೆಗೆದಾಗ.

ನನಗೆ ಪೆಟ್ಟಾದದ್ದೂ ನೀರಿನಿಂದಲೇ. ಆದರೆ ನಾನು ಅಳೆದಿದ್ದೆ.

ಸಾಲ ಕೊಟ್ಟವರಿಂದ ಸೈಕಲ್ಲಿನಲ್ಲಿ ತಪ್ಪಿಸಿಕೊಂಡು ಬರುವ ನಾನು, ಹಿಂದೆ ನೋಡುತ್ತ, ದೋಣಿ ನಿಲ್ಲುವ ಧಕ್ಕೆ ಮುಗಿದದ್ದು ತಿಳಿಯದೆ ಸೈಕಲ್ ಸಮೇತ ಹೊಳೆಗೆ. ಇಷ್ಟೇ ಸೀನು. ಬೆಳಿಗ್ಗೆ ಹನ್ನೊಂದರ ಹೊತ್ತಿಗೆ ನಾನೇ ಬಿದಿರಿನ ಗಳ ಇಳಿಸಿದೆ. ಒಂಬತ್ತು ಅಡಿ ನೀರು. ಧಕ್ಕೆಯ ಅಂಚಿನಿಂದ ನೀರಿಗೆ ನಾಲ್ಕೇ ಅಡಿ. ಗಳ ಒದ್ದೆಯಾದಲ್ಲಿಗೆ ಕೆಂಪು ಟೇಪ್ ಸುತ್ತಿ ಅಸೋಸಿಯೇಟ್‌ಗೆ ತೋರಿಸಿದೆ. "ಸೂಪರ್ ಅಣ್ಣಾ" ಅಂದ.

ಅವತ್ತು ಹುಣ್ಣಿಮೆ.

ಹೀರೋನ ಕ್ಲೋಸಪ್ ಶಾಟ್ ಎಳೆದೂ ಎಳೆದೂ ನಮ್ಮ ಸರದಿ ಬಂದದ್ದು ಐದು ಗಂಟೆಗೆ ಹತ್ತು ನಿಮಿಷ ಇರುವಾಗ. ಲೈಟ್ ಹೋಗುತ್ತಿತ್ತು. ಕಾಸ್ಟ್ಯೂಮ್ ಒಂದೇ ಸೆಟ್ ಇದ್ದುದರಿಂದ ರಿಹರ್ಸಲ್ಲನ್ನು ಧಕ್ಕೆಯ ನಡುವೆ ಹಾಕಿದ್ದ ಸುಣ್ಣದ ಗೆರೆಯವರೆಗೆ ಮಾತ್ರ ಮಾಡಿದೆವು. ಅಂಚಿಗೆ ನಾನು ಮತ್ತೆ ಹೋಗಲೇ ಇಲ್ಲ. ಆಗಲೇ ಬಳಚು, ಅಂದರೆ ಚಿಪ್ಪುಮೀನು, ತೆಗೆಯುವ ಹೆಂಗಸರು ಬುಟ್ಟಿ ಹಿಡಿದು ಹೊಳೆಗಿಳಿದಿದ್ದರು. ಸೊಂಟಮಟ್ಟದ ನೀರಿನಲ್ಲಿ ಬಗ್ಗಿ, ಕಾಲಿನಿಂದ ಕೆಸರು ತಡವುತ್ತಿದ್ದರು. "ಹಿಂದೆ ಚೆನ್ನಾಗಿ ಕಾಣ್ತಾರೆ, ಇರಲಿ ಬಿಡಿ" ಅಂತ ಕ್ಯಾಮೆರಾಮನ್‌ಗೆ ನಾನೇ ಹೇಳಿದೆ.

ಇದು ಇವತ್ತಿಗೂ ಚುಚ್ಚುತ್ತದೆ. ಬಳಚು ತೆಗೆಯುವವರು ಇಳಿದರು ಅಂದರೆ ಇಳಿತ, ನಮ್ಮ ಕಡೆ ಶಾಲೆಗೆ ಹೋಗದ ಮಗುವಿಗೂ ಗೊತ್ತು. ಹುಣ್ಣಿಮೆ ಅಮಾಸೆಗೆ ಹನ್ನೊಂದರ ಆಸುಪಾಸಿನಲ್ಲಿ ಭರತ, ಸಂಜೆ ಐದರ ಹೊತ್ತಿಗೆ ಹೊಳೆ ತಳ ಕಾಣುತ್ತದೆ ಅಂತ ಅಜ್ಜಿ ಬೆರಳು ಮಡಚಿ ಹೇಳಿಕೊಟ್ಟಿದ್ದಳು. ಆ ಲೆಕ್ಕವೆಲ್ಲ ತಲೆಯಲ್ಲಿದ್ದೂ, ಆ ಗಳಿಗೆಗೆ ನನಗೆ ಇದ್ದ ಯೋಚನೆ ಮುಖದ್ದು ಮಾತ್ರ. ಎಷ್ಟು ಹೊತ್ತು ಹಿಂದೆ ತಿರುಗಿರಬೇಕು, ಹ್ಯಾಂಡಲ್ ಯಾವಾಗ ಬಿಡಬೇಕು.

ಆ್ಯಕ್ಷನ್. ಪೆಡಲ್ ತುಳಿದೆ. ಮೂರನೇ ಸಲ ಹಿಂದೆ ನೋಡುವಾಗ ಮುಂದಿನ ಚಕ್ರ ಹಗುರಾಯಿತು. ನಾಲ್ಕಡಿ ಬೀಳುವುದಕ್ಕೆ ಮೈಯಲ್ಲೇ ಒಂದು ಎಣಿಕೆ ಇರುತ್ತದೆ. ಅದು ಮುಗಿಯಿತು, ನೀರು ಬರಲಿಲ್ಲ. ಗಾಳಿಯಲ್ಲೇ ಇದ್ದೆ. ಏನೋ ತಪ್ಪಿದೆ ಅಂತ ಹೊಳೆಯುವಷ್ಟರಲ್ಲಿ ಧಕ್ಕೆಯಿಂದ ಕಳಚಿ ಬಿದ್ದಿದ್ದ ಚಿರೆಕಲ್ಲೊಂದಕ್ಕೆ ಹಿಮ್ಮಡಿ ಬಡಿಯಿತು. ಸೈಕಲ್ ಕೆಸರಿನಲ್ಲಿ ನೆಟ್ಟು ನಿಂತಿತ್ತು, ಹ್ಯಾಂಡಲ್ ಪಕ್ಕೆಗೆ. ಉಸಿರು ಹೊರಗೂ ಬಾರದು, ಒಳಗೂ ಹೋಗದು.

ಮೇಲೆ ಎಲ್ಲರೂ ನಗುತ್ತಿದ್ದರು. ಎದೆಮಟ್ಟದ ನೀರಿನಲ್ಲಿ ನಾನು ಬಾಯಿ ತೆರೆದು ಮುಚ್ಚುತ್ತಿದ್ದುದು ಮಾನಿಟರಿನಲ್ಲಿ ಅಷ್ಟು ಚೆನ್ನಾಗಿ ಕಂಡಿರಬೇಕು. ಉಸಿರು ಬಂದ ಕೂಡಲೇ ಕೂಗಿದೆ. ಕೂಗಿದ್ದಕ್ಕೆ ಇನ್ನೂ ನಕ್ಕರು. ಡೈರೆಕ್ಟರು ಕಟ್ ಹೇಳಲಿಲ್ಲ. ಕಟ್ ಹೇಳದಿದ್ದರೆ ಮುಖ ಬಿಡಬಾರದು ಅನ್ನುವ ಅಭ್ಯಾಸ ಎಷ್ಟು ಕೆಟ್ಟದೆಂದರೆ, ಮುರಿದ ಕಾಲಿನ ಮೇಲೆ ನಿಂತು ನಾನು ಆ ಪೆದ್ದು ಮುಖವನ್ನೇ ಇಟ್ಟುಕೊಂಡಿದ್ದೆ. ಒಂದು ನಿಮಿಷವೋ ಎರಡೋ. ಕೊನೆಗೆ ಬುಟ್ಟಿ ಬಿಸಾಡಿ ಬಂದು ಕಂಕುಳಿಗೆ ಕೈ ಹಾಕಿ ಎಳೆದವಳು ಬಳಚಿನವಳೊಬ್ಬಳು. "ನೀರಿಲ್ಲ ಅಂತ ಆಗಿಂದ ಬೊಬ್ಬೆ ಹೊಡೀತಾ ಇದ್ದೆ ತಮಾ" ಅಂದಳು. ಅವಳು ಕೂಗಿದ್ದು ನಿಜ. ಶಾಟ್ ಜೊತೆಗೇ ಸದ್ದೂ ರೆಕಾರ್ಡ್ ಆಗುವ ಸಿಂಕ್ ಸೌಂಡ್ ಇದೆ, ಸೈಲೆನ್ಸ್ ಅಂತ ನಮ್ಮ ಹುಡುಗನೇ ಅವಳ ಬಾಯಿ ಮುಚ್ಚಿಸಿದ್ದ.

ಹಿಮ್ಮಡಿ ಮೂಳೆ ಬಿರಿದಿತ್ತು. ಹನ್ನೊಂದು ವಾರ ಮನೆ. ಪ್ರೊಡಕ್ಷನ್‌ನವರು ಅವತ್ತಿನವರೆಗಿನ ದಿನಭತ್ಯೆ, ಬೇಟಾ, ಕೊಟ್ಟರು, ಆಸ್ಪತ್ರೆ ಬಿಲ್ ನನ್ನದೇ. ಆ ಶಾಟ್ ಸಿನಿಮಾದಲ್ಲಿದೆ.

2016ರ ನವೆಂಬರ್ 7ರಂದು ಶೂಟಿಂಗಿಗಾಗಿ ತಿಪ್ಪಗೊಂಡನಹಳ್ಳಿ ಜಲಾಶಯಕ್ಕೆ ಹೆಲಿಕಾಪ್ಟರಿನಿಂದ ಹಾರಿದ ನಟರಾದ ಅನಿಲ್, ಉದಯ್ ದಡ ಸೇರಲಿಲ್ಲ. ಆಮೇಲೆ ನಮ್ಮ ಫೈಟರ್‌ಗಳು ನೀರಿನ ಸೀನು ಅಂದರೆ ಮೊದಲು ಬೋಟ್ ಎಲ್ಲಿ ಅಂತ ಕೇಳುತ್ತಾರೆ. ನಾನೂ ಫೈಟರ್ ಆಗಿದ್ದಿದ್ದರೆ ಕೇಳುತ್ತಿದ್ದೆ. ಡೈಲಾಗ್ ಇರುವ ನಟ ಆದ ಮೇಲೆ ಕೇಳಲು ಸಂಕೋಚವಾಯಿತು. ಇವನಿಗೆ ವಯಸ್ಸಾಯಿತು, ಹೆದರಿದ ಅಂದಾರು ಅಂತ. ಅವತ್ತಿನ ಮ್ಯಾನೇಜರದ್ದು ಎಷ್ಟು ತಪ್ಪೋ ನನ್ನ ಸುಮ್ಮನಿರುವಿಕೆಯದ್ದೂ ಅಷ್ಟೇ.

ಈಗ ಎರಡು ವಿಷಯದಲ್ಲಿ ನಾನು ಬಗ್ಗುವುದಿಲ್ಲ. ಗಳ ಇಳಿಸುವುದು ಆ್ಯಕ್ಷನ್‌ಗೆ ಐದು ನಿಮಿಷ ಮುಂಚೆ, ಲೈಟ್ ಹೋದರೆ ಹೋಗಲಿ. ಮತ್ತೆ, ಬಲಗೈ ಮುಷ್ಟಿ ತಲೆಯ ಮೇಲೆ ಹೋಯಿತೆಂದರೆ ಕಟ್. ಅದನ್ನು ಡೈರೆಕ್ಟರು ಹೇಳಬೇಕೆಂದಿಲ್ಲ, ಯಾರು ಕಂಡರೂ ಹೇಳಬಹುದು. ನಮ್ಮ ಕೆಲಸದಲ್ಲಿ ಕೂಗೂ ನಟನೆ, ನರಳುವುದೂ ನಟನೆ. ನಟನೆಯಲ್ಲಿ ಎಲ್ಲೂ ಬಳಸದ ಸನ್ನೆ ಒಂದು ಬೇಕೇ ಬೇಕು.

ಕಾಲು ಸರಿಯಾದ ಮೇಲೆ ಆ ಧಕ್ಕೆಗೆ ಹೋಗಿದ್ದೆ. ಆ ಹೆಂಗಸು ಸಿಕ್ಕಳು. ಐದು ಸಾವಿರ ಹಿಡಿದರೆ ಮುಟ್ಟಲಿಲ್ಲ. ಅವತ್ತು ಹೊಳೆಪಾಲಾದ ಒಂದು ಬುಟ್ಟಿ ಬಳಚಿನ ರೇಟು ಎಣಿಸಿ ತೆಗೆದುಕೊಂಡು, ಉಳಿದದ್ದನ್ನು ನನ್ನ ಜೇಬಿಗೇ ತುರುಕಿದಳು.

ಮೊನ್ನೆಯ ಮ್ಯಾನೇಜರ್‌ಗೆ ಯಾವ ದಿನ ಅಂತ ಕೇಳಿದೆ. ಕಾರವಾರದಲ್ಲಿ, ಕಾಳಿ ಹೊಳೆ, ಅಮಾಸೆಯ ದಿನ ಸಂಜೆ ಅಂದರು. ಬೆಳಿಗ್ಗೆ ಹತ್ತೂವರೆಗೆ ಇಡಿ, ಬೋಟ್ ಇರಲಿ, ಇಲ್ಲವಾದರೆ ಬೇರೆಯವರನ್ನು ನೋಡಿಕೊಳ್ಳಿ ಅಂದೆ. ಡೈರೆಕ್ಟರನ್ನು ಕೇಳಿ ಹೇಳುತ್ತೇನೆ ಅಂದಿದ್ದಾರೆ. ಇನ್ನೂ ಫೋನ್ ಬಂದಿಲ್ಲ.