ಕೆಳಮನೆಯ ಶನಿವಾರ

ಗಣೇಶನ ಹಬ್ಬ ಮುಗಿದು ಎರಡು ದಿನವಾಗಿತ್ತು. 2015ರ ಸೆಪ್ಟೆಂಬರ್ 19, ಶನಿವಾರ. ಡಬ್ಬಿಯ ತಳದಲ್ಲಿ ಉಳಿದಿದ್ದ ಏಳು ಕರ್ಜಿಕಾಯಿಗಳನ್ನು ತಟ್ಟೆಗೆ ಹಾಕಿಕೊಂಡು ಕೆಳಗಿಳಿದು ಮನೆಯೊಡತಿಯ ಬಾಗಿಲು ತಟ್ಟಿದೆ. ಮಯಾಮಿಯಲ್ಲಿ ನಾನು ಬಾಡಿಗೆಗಿದ್ದ ಮನೆ. ಮೇಲೆ ನಾನು, ಕೆಳಗೆ ಆಕೆ, ಎಪ್ಪತ್ತು ದಾಟಿದ ಚಿಲಿಯ ಹೆಂಗಸು. ವಾರವೆಲ್ಲ ಇದ್ದಾರೋ ಇಲ್ಲವೋ ಎಂಬಂತಿದ್ದವರು ಶನಿವಾರ ರಾತ್ರಿ ಮಾತ್ರ ಟಿವಿಯ ದನಿ ಏರಿಸಿ ನನ್ನ ಕಾಲಡಿಯ ನೆಲ ನಡುಗಿಸುತ್ತಿದ್ದರು. ಎರಡು ವರ್ಷ ಮನಸ್ಸಿನಲ್ಲೇ ಶಪಿಸಿದ್ದೆ.

"ಬಾ ಮಿಹಿತಾ, ಇವತ್ತು ಕೊನೆಯದು," ಎಂದರು. ಮಿಹಿತಾ ಎಂದರೆ ಮಗಳೇ ಎಂದಂತೆ.

'ಸಾಬಾದೋ ಹಿಗಾಂತೆ' ಎಂಬ ಟಿವಿ ಕಾರ್ಯಕ್ರಮದ ಕೊನೆಯ ಕಂತು. ಹೆಸರಿನ ಅರ್ಥ ದೈತ್ಯ ಶನಿವಾರ. 1962ರ ಆಗಸ್ಟ್‌ನಲ್ಲಿ ಚಿಲಿಯ ರಾಜಧಾನಿ ಸಾಂತಿಯಾಗೋದ 13ನೇ ವಾಹಿನಿಯಲ್ಲಿ ಹುಟ್ಟಿದಾಗ ಅದು ಭಾನುವಾರದ ಕಾರ್ಯಕ್ರಮವಾಗಿತ್ತಂತೆ. 1986ರಲ್ಲಿ ಮಯಾಮಿಗೆ ಬಂತು. 53 ವರ್ಷವೂ ನಡೆಸಿಕೊಟ್ಟವರು ಒಬ್ಬರೇ, ದೋನ್ ಫ್ರಾನ್ಸಿಸ್ಕೋ. ಅದು ವೇದಿಕೆಯ ಹೆಸರು. ನಿಜ ಹೆಸರು ಮಾರಿಯೋ ಕ್ರೊಯ್ಟ್ಸ್‌ಬರ್ಗರ್. ನಾಜಿಗಳಿಂದ ತಪ್ಪಿಸಿಕೊಂಡು ಬಂದ ಜರ್ಮನ್ ಯಹೂದಿ ದಂಪತಿಗೆ ತಾಲ್ಕಾ ಎಂಬ ಊರಿನಲ್ಲಿ ಹುಟ್ಟಿದವರು. ತಂದೆ ದರ್ಜಿ. ಮಗನೂ ಅದೇ ಕಸುಬು ಹಿಡಿಯಲೆಂದು ನ್ಯೂಯಾರ್ಕ್‌ಗೆ ಕಲಿಯಲು ಕಳುಹಿಸಿದರು. ಅಲ್ಲಿ ಹೋಟೆಲಿನ ಕೋಣೆಯಲ್ಲಿ ರೇಡಿಯೋ ಎಂದುಕೊಂಡು ಹುಡುಗ ಒಂದು ಪೆಟ್ಟಿಗೆಯ ಗುಂಡಿ ತಿರುಗಿಸಿದರೆ, ಅದರಲ್ಲಿ ಚಿತ್ರ ಮೂಡಿತು. ಹೊಲಿಗೆಯ ಕಥೆ ಅಲ್ಲಿಗೆ ಮುಗಿಯಿತು ಎನ್ನಿ.

ಆಕೆ ಅಡುಗೆಮನೆಯಿಂದ ಎಂಪನಾದಾ ತಂದರು, ನಮ್ಮ ಕರ್ಜಿಕಾಯಿಯ ಹಾಗೆ ಹೂರಣ ತುಂಬಿ ಮಡಿಸಿದ ತಿಂಡಿ. ಹಿಂದಿನ ದಿನವಷ್ಟೇ ಚಿಲಿಯ ರಾಷ್ಟ್ರೀಯ ಹಬ್ಬ. ಅವರ ಕಡೆ ಅದರೊಳಗೆ ಮಾಂಸ, ಈರುಳ್ಳಿ, ಮೊಟ್ಟೆ, ಆಲಿವ್ ಕಾಯಿ ತುಂಬುತ್ತಾರೆ. ನನಗೆಂದು ಚೀಸ್ ತುಂಬಿ ಮೂರು ಬೇರೆ ಮಾಡಿದ್ದರು. ನನ್ನ ಕರ್ಜಿಕಾಯಿಯನ್ನು ಕನ್ನಡಕದ ಹತ್ತಿರ ಹಿಡಿದು, ಅಂಚಿನ ಮಡಿಕೆಗಳ ಮೇಲೆ ಹೆಬ್ಬೆರಳು ಓಡಿಸಿದರು. "ಯಂತ್ರದ್ದೋ ಕೈಯದೋ?" ಕೈಯದೇ ಎಂದೆ. ತಲೆದೂಗಿ ಬಾಯಿಗಿಟ್ಟುಕೊಂಡರು. ಕೊಬ್ಬರಿ ಪುಡಿ ಎದೆಯ ಮೇಲೆ ಉದುರಿತು.

ಕಾರ್ಯಕ್ರಮದಲ್ಲಿನ ಹಾಡಿನ ಸ್ಪರ್ಧೆಯ ಬಗ್ಗೆ ಹೇಳಿದರು. ಮುಖ ಮುಚ್ಚಿಕೊಂಡ 'ಎಲ್ ಚಕಾಲ್' ಎಂಬ ವ್ಯಕ್ತಿ ಬದಿಯಲ್ಲಿ ನಿಂತಿರುತ್ತಾನೆ. ಹಾಡುವವರು ಶ್ರುತಿ ತಪ್ಪಿದರೆ ತುತ್ತೂರಿ ಊದಿಬಿಡುತ್ತಾನೆ. ಜನ 'ಫ್ವೇರಾ', ಹೊರಗೆ, ಎಂದು ಕೂಗುತ್ತಾರೆ. ಪಾಪದವರನ್ನು ವೇದಿಕೆಗೆ ಕರೆದು ನಗೆಪಾಟಲು ಮಾಡುವ ಈ ಅಭಿರುಚಿ ನನಗೆ ಇವತ್ತಿಗೂ ಹಿಡಿಸುವುದಿಲ್ಲ. ಅದನ್ನೇ ಮೆಲ್ಲಗೆ ಹೇಳಿದೆ.

"ನನ್ನ ಗಂಡನಿಗೂ ಹಿಡಿಸುತ್ತಿರಲಿಲ್ಲ, ಆದರೆ ಕಾರಣ ಬೇರೆ," ಎಂದರು. 1973ರಲ್ಲಿ ಸೈನ್ಯ ಅಧಿಕಾರ ಹಿಡಿಯಿತು. ಗಂಡ ಕೆಲಸ ಮಾಡುತ್ತಿದ್ದ ಮುದ್ರಣಾಲಯಕ್ಕೆ ಬೀಗ ಬಿತ್ತು. ರಾತ್ರಿ ಕರ್ಫ್ಯೂ, ಬೀದಿಯಲ್ಲಿ ಜೀಪು. ಟಿವಿಯಲ್ಲಿ ಮಾತ್ರ ಶನಿವಾರ ಬಂತೆಂದರೆ ಈ ಮನುಷ್ಯ ಏನೂ ಆಗಿಲ್ಲವೆಂಬಂತೆ ನಗಿಸುತ್ತಿದ್ದ. "ಅವನ ಮುಖ ಕಂಡರೆ ಇವರು ಸಿಗರೇಟು ಹಿಡಿದು ಹಿತ್ತಲಿಗೆ ಎದ್ದು ಹೋಗುತ್ತಿದ್ದರು. ನಾನು ದನಿ ತಗ್ಗಿಸಿ, ಪರದೆಗೆ ಮೂಗು ತಾಗುವಷ್ಟು ಹತ್ತಿರ ಕೂತು ನೋಡುತ್ತಿದ್ದೆ. ತುಟಿ ಓದಿಕೊಂಡು ನಗುವುದನ್ನು ಕಲಿತದ್ದು ಆಗಲೇ."

1978ರ ಡಿಸೆಂಬರ್‌ನಲ್ಲಿ ಅದೇ ದೋನ್ ಫ್ರಾನ್ಸಿಸ್ಕೋ ಅಂಗವಿಕಲ ಮಕ್ಕಳ ಚಿಕಿತ್ಸೆಗಾಗಿ ಹಣ ಕೂಡಿಸಲು ಮೊದಲ 'ತೆಲೆತೋನ್' ನಡೆಸಿದರು. 27 ಗಂಟೆಗಳ ನೇರ ಪ್ರಸಾರ. ಮಧ್ಯಾಹ್ನ ಎದ್ದು ಹೋದ ಗಂಡ ಸಂಜೆ ಬಂದು ಏನೂ ಹೇಳದೆ ಊಟಕ್ಕೆ ಕೂತರಂತೆ. ಮರುದಿನ ಅಂಗಿ ಒಗೆಯಲು ಹಾಕುವಾಗ ಜೇಬಿನಲ್ಲಿ ಬ್ಯಾಂಕಿನ ರಸೀದಿ ಸಿಕ್ಕಿತು. "ನಾನೂ ಕೇಳಲಿಲ್ಲ, ಅವರೂ ಹೇಳಲಿಲ್ಲ. ಆಮೇಲೂ ಶನಿವಾರ ಹಿತ್ತಲಿಗೇ ಹೋಗುತ್ತಿದ್ದರು."

ಪರದೆಯ ಮೇಲೆ ಎಪ್ಪತ್ತನಾಲ್ಕರ ಆ ಮುದುಕ ಕೈ ಬೀಸುತ್ತಿದ್ದರು. ಆಕೆ ಅಳುತ್ತಾರೇನೋ ಎಂದು ನೋಡಿದೆ. ಇಲ್ಲ, ಆಕೆ ರಿಮೋಟ್ ಹುಡುಕುತ್ತಿದ್ದರು. ಸೋಫಾದ ಸಂದಿಯಲ್ಲಿ ಸಿಕ್ಕಿತು. ಟಿವಿ ಆರಿಸಿದರು.

ಹೊರಡುವಾಗ ನನ್ನ ತಟ್ಟೆಗೆ ಚೀಸ್ ಎಂಪನಾದಾ ಇಟ್ಟು ಕಾಗದ ಮುಚ್ಚಿಕೊಟ್ಟರು. ಬಾಗಿಲ ಬಳಿ ನಿಂತು, ಇದ್ದಕ್ಕಿದ್ದಂತೆ ಹೊಳೆದವರ ಹಾಗೆ ಕೇಳಿದರು: "ಅವರು ಹೋದ ಮೇಲೆ ದನಿ ಜೋರಾಗಿಯೇ ಇಡುತ್ತಿದ್ದೆ. ಮೇಲೆ ನಿನಗೆ ಕೇಳಿಸುತ್ತಿತ್ತೇ?"

"ಇಲ್ಲ ಸೆನ್ಯೋರಾ," ಎಂದೆ, "ಒಂದು ದಿನವೂ ಕೇಳಿಸಲಿಲ್ಲ."